ಅಪೀಲಾಗೈತೆ

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಸೀಮೆಯನ್ನು ಲೋಕ ಬಲ್ಲದ್ದು ಉಂಡೆ ಕೊಬ್ಬರಿಯಿಂದ. ತಿಪಟೂರಿನಲ್ಲಿ ಹರಾಜು ಕೂಗಿದರೆ ದೆಹಲಿಯ ವ್ಯಾಪಾರಿ ಕಿವಿಗೊಡುತ್ತಾನೆ. ಕಲ್ಪತರು ನಾಡು ಎಂದು ನಾವೂ ಹೋಟೆಲಿನಿಂದ ಹಿಡಿದು ಕಾಲೇಜಿನವರೆಗೆ ಬೋರ್ಡು ಬರೆಸಿಕೊಂಡಿದ್ದೇವೆ. ಆದರೆ ಇದೇ ಸೀಮೆಯ ಇನ್ನೊಂದು ಸಾಧನೆಗೆ ಈವರೆಗೆ ಯಾರೂ ಒಂದು ಹಾರ ಹಾಕಿಲ್ಲ, ಒಂದು ಶಾಲು ಹೊದಿಸಿಲ್ಲ. ಅದು ಜಮೀನಿನ ಸ್ವಾಧೀನದ ದಾವಾದಲ್ಲಿ ಸೋತವನು ಹಾಕುವ ಅಪೀಲು. ಬೆಂಗಳೂರಿನ ದಕ್ಷ್ ಸಂಸ್ಥೆ 2016ರಲ್ಲಿ ಮಾಡಿದ ಸಮೀಕ್ಷೆಯ ಪ್ರಕಾರ ದೇಶದ ಸಿವಿಲ್ ವ್ಯಾಜ್ಯಗಳಲ್ಲಿ ಮೂರರಲ್ಲಿ ಎರಡು ಪಾಲು ಜಮೀನು, ಆಸ್ತಿಯವು. ಹಾಗಾಗಿ ದಾವಾ ಹೂಡುವುದರಲ್ಲಿ ನಮ್ಮದೇನೂ ಹೆಚ್ಚುಗಾರಿಕೆ ಇಲ್ಲ. ಹೂಡಿದ್ದನ್ನು ಸಾಯಲು ಬಿಡದೆ ಮೇಲಕ್ಕೆ ಒಯ್ಯುವ ಅನುಕೂಲ ನಮಗಿರುವಷ್ಟು ಬೇರೆಯವರಿಗಿಲ್ಲ.

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂಬ ಗಾದೆ ಕಟ್ಟಿದವರು ರಾಗಿ ಹೊಲದವರೇ ಇರಬೇಕು. ರಾಗಿ ಹೊಲಕ್ಕೆ ತಡೆಯಾಜ್ಞೆ ಬಂತೆಂದರೆ ಉಳುವವರಿಲ್ಲ, ಬಿತ್ತುವವರಿಲ್ಲ. ಎರಡು ಮಳೆಗಾಲ ಬೀಳುಬಿದ್ದು ಗರಿಕೆ ಹಬ್ಬಿತೆಂದರೆ ವಾದಿಗೂ ಪ್ರತಿವಾದಿಗೂ ಒಟ್ಟಿಗೇ ಬುದ್ಧಿ ಬಂದು, ಊರಿನ ಅರಳಿಕಟ್ಟೆಯ ಮೇಲೆ ರಾಜಿಯಾಗಿಬಿಡುತ್ತದೆ. ಇಂಥ ಕಡೆ ಅಪೀಲು ಹೇಗೆ ಬದುಕೀತು? ತೆಂಗಿನ ತೋಟದ ಮಾತೇ ಬೇರೆ. ಅಲ್ಲಿ ಉಳದಿದ್ದರೂ ಫಸಲು ಉಂಟು. ಮರ ತಿಂಗಳಿಗೊಂದು ಹೊಂಬಾಳೆ ಒಡೆಯುತ್ತದೆ, ಅರವತ್ತು ಎಂಬತ್ತು ವರ್ಷ ನಿಲ್ಲುತ್ತದೆ. ಯಥಾಸ್ಥಿತಿ ಕಾಪಾಡಿ ಎಂದು ಯಾವ ನ್ಯಾಯಾಧೀಶರು ಆದೇಶ ಬರೆದರೂ ಕಾಯಿ ಯಥಾಸ್ಥಿತಿಯಲ್ಲಿ ನಿಲ್ಲುವುದಿಲ್ಲ, ಬಲಿತು ಬೀಳುತ್ತದೆ. ಬಿದ್ದದ್ದನ್ನು ಯಾರಾದರೂ ಹೆಕ್ಕಲೇಬೇಕಲ್ಲ. ಹೆಕ್ಕುವವನು ಸ್ವಾಧೀನದಲ್ಲಿರುವವನು. ಹೆಕ್ಕಿದ್ದನ್ನು ಮಾರಿದ ದುಡ್ಡಿನಲ್ಲಿ ವಕೀಲರ ಫೀಸು. ಹೀಗೆ ತಕರಾರಿನ ಮರವೇ ತಕರಾರಿನ ಖರ್ಚು ಹೊರುವ ಏರ್ಪಾಡು ಭತ್ತದ ನಾಡಿಗೂ ಇಲ್ಲ, ಜೋಳದ ನಾಡಿಗೂ ಇಲ್ಲ.

ಲೆಕ್ಕ ಬೇಕೆನ್ನುವವರಿಗಾಗಿ ತುರುವೇಕೆರೆ ಕಡೆಯ ಯಾವುದೋ ಒಂದು ಹಳ್ಳಿ ಅಂತ ಇಟ್ಟುಕೊಳ್ಳೋಣ. ಮೇಲಿನ ಮನೆ, ಕೆಳಗಿನ ಮನೆ ಎಂಬ ದಾಯಾದಿಗಳು. ನಡುವೆ 12 ಗುಂಟೆ, ಅದರಲ್ಲಿ 14 ತೆಂಗಿನಮರ. ಮರಕ್ಕೆ ವರ್ಷಕ್ಕೆ 80 ಕಾಯಿ ಹಿಡಿದರೂ ಸಾವಿರದ ಮೇಲಾಯಿತು. ಅಟ್ಟದಲ್ಲಿ ಒಣಗಿಸಿ ಸುಲಿದರೆ ಒಂದೂಮುಕ್ಕಾಲು ಕ್ವಿಂಟಲಿನಷ್ಟು ಕೊಬ್ಬರಿ. 2024ರ ಬೆಂಬಲ ಬೆಲೆ ಕ್ವಿಂಟಲಿಗೆ 12,000 ರೂಪಾಯಿ, ಅಂದರೆ ಇಪ್ಪತ್ತೊಂದು ಸಾವಿರ. 2025ರಲ್ಲಿ ತಿಪಟೂರು ಮಾರುಕಟ್ಟೆಯ ಧಾರಣೆ 25,000 ದಾಟಿದಾಗ ಅದೇ ಮರಗಳದ್ದು ನಲವತ್ತು ಸಾವಿರದ ಮೇಲೆ. ಈ ಹನ್ನೆರಡು ಗುಂಟೆ ಕೆಳಗಿನ ಮನೆಯವರದೆಂದು ಮುನ್ಸೀಫ್ ಕೋರ್ಟು ಹೇಳಿತು ಅನ್ನಿ. (ಸರ್ಕಾರ ಆ ಕೋರ್ಟಿನ ಹೆಸರನ್ನು ಸಿವಿಲ್ ಜಡ್ಜ್ ಕೋರ್ಟ್ ಎಂದು ಬದಲಿಸಿ ಕಾಲವಾಯಿತು, ಊರಿನವರಿಗೆ ಇನ್ನೂ ತಿಳಿಸಿಲ್ಲ.) ಮೇಲಿನ ಮನೆಯವನು ಸುಮ್ಮನಾದರೆ ನಾಳೆಯಿಂದ ಕಾಯಿ ಹೋಯಿತು. ಅಪೀಲು ಹಾಕಿ ತಡೆಯಾಜ್ಞೆ ತಂದರೆ ವರ್ಷಕ್ಕೆ ಇಪ್ಪತ್ತೋ ನಲವತ್ತೋ ಸಾವಿರ, ಅಪೀಲು ಇರುವಷ್ಟು ಕಾಲ. ಇವನನ್ನು ಜಗಳಗಂಟ ಎನ್ನುವ ಪೇಟೆಯ ಬುದ್ಧಿವಂತರಿಗೆ ವ್ಯವಹಾರ ಗೊತ್ತಿಲ್ಲ ಎಂದಷ್ಟೇ ಹೇಳಬಹುದು.

ಆದರೂ ದುಡ್ಡೊಂದನ್ನೇ ಹೊಗಳಿದರೆ ಅಪೀಲಿಗೆ ಅವಮಾನ. ಅದರ ಕೆಳಗಿನ ಅಡಿಪಾಯವನ್ನೂ ನೋಡಬೇಕು. ಪಹಣಿಯ 9ನೇ ಕಾಲಂನಲ್ಲಿ ಹಿಡುವಳಿದಾರನ ಹೆಸರು, 12ನೇ ಕಾಲಂನಲ್ಲಿ ಸಾಗುವಳಿ ಮಾಡುವವನ ಹೆಸರು. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಂ ಪ್ರಕಾರ ಈ ನಮೂದುಗಳನ್ನು ನಿಜವೆಂದೇ ಭಾವಿಸಬೇಕು, ಸುಳ್ಳೆಂದು ಸಾಬೀತಾಗುವ ತನಕ. ಆ ಬಾಲಂಗೋಚಿ ಹಿಡಿದುಕೊಂಡೇ ಎಷ್ಟೋ ವಕೀಲರ ಮಕ್ಕಳು ಇಂಜಿನಿಯರಾಗಿದ್ದಾರೆ. ಆಮೇಲೆ ‘ಭೂಮಿ’ ಯೋಜನೆ ಬಂದು ಪಹಣಿ ಕಂಪ್ಯೂಟರಿಗೆ ಹತ್ತಿತು. ಶಾನುಭೋಗರ ಕಾಲದ ಕೈಬರಹದಲ್ಲಿದ್ದ ತಕರಾರು ಅಚ್ಚುಕಟ್ಟಾದ ಅಕ್ಷರದಲ್ಲಿ, ಬಾರ್‌ಕೋಡ್ ಸಮೇತ ಸಿಗತೊಡಗಿತು.

ಇನ್ನು ಸಾಕ್ಷಿ. ಪಾಟಿ ಸವಾಲಿನಲ್ಲಿ ಪ್ರಶ್ನೆ ಕೇಳುವುದು ವಕೀಲರು, ಉತ್ತರವನ್ನೂ ಹೆಚ್ಚುಕಡಿಮೆ ಅವರೇ ಹೇಳುತ್ತಾರೆ. ಸಾಕ್ಷಿಯ ಕೆಲಸ ಸರಿ, ಸರಿಯಲ್ಲ ಎನ್ನುವುದು. ‘ದಾವಾ ಆಸ್ತಿಯಲ್ಲಿ ನಾನು ಎಂದೂ ಸ್ವಾಧೀನಾನುಭವದಲ್ಲಿ ಇರಲಿಲ್ಲ ಎಂದರೆ ಸರಿಯಲ್ಲ. ನನ್ನ ತಂದೆ ತೆಂಗಿನಸಸಿ ನೆಡಲಿಲ್ಲ ಎಂದರೆ ಸರಿಯಲ್ಲ. ನಾನು ಸುಳ್ಳು ಸಾಕ್ಷಿ ನುಡಿಯುತ್ತಿದ್ದೇನೆ ಎಂದರೆ ಸರಿಯಲ್ಲ.’ ಹೀಗೆ ಹತ್ತು ಪುಟ ಸರಿಯಲ್ಲವಾದ ಮೇಲೆ ಓದಿ ಹೇಳಿ ಕೇಳಿ ಸರಿ ಇದೆ ಎಂದು ಹೆಬ್ಬೆಟ್ಟು. ಎಲ್ಲಾದರೂ ಒಂದು ಕಡೆ ಮುದುಕ ತಲೆದೂಗಿ ಸರಿ ಎಂದುಬಿಟ್ಟಿರುತ್ತಾನೆ. ಅಪೀಲಿನ ಆಧಾರಪತ್ರದಲ್ಲಿ ಮೂರನೇ ಕಾರಣವಾಗಿ ಬರುವುದು ಆ ಒಂದು ತಲೆದೂಗು. ಚಕ್ಕುಬಂದಿ ಕೇಳಿದಾಗಂತೂ ಗಂಡಾಂತರ. ಪೂರ್ವಕ್ಕೆ ಯಾರ ಜಮೀನು ಎಂದರೆ, ಐವತ್ತು ವರ್ಷ ಅದೇ ಬದುವಿನ ಮೇಲೆ ಓಡಾಡಿದವನು ನಿಜ ಹೇಳಿ ಕೆಡುತ್ತಾನೆ: ‘ಮೊದ್ಲು ನಿಂಗಯ್ಯುಂದು, ಈಗ ಅವ್ನ ಅಳಿಯ ಮಾಡ್ತವ್ನೆ.’ ದಾವಾ ಷೆಡ್ಯೂಲಿನಲ್ಲಿ ಇನ್ನೂ ನಿಂಗಯ್ಯನೇ ಇರುತ್ತಾನೆ. ಆಸ್ತಿಯ ಗುರುತೇ ಸಿಗಲಿಲ್ಲ ಎಂದು ತೀರ್ಪು.

ಗುರುತು ಹಿಡಿಯಲೆಂದೇ ಕೋರ್ಟ್ ಕಮಿಷನರ್ ಎಂಬವರಿದ್ದಾರೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶ, 9ನೇ ನಿಯಮ. ಅವರು ತಾಲ್ಲೂಕು ಸರ್ವೆಯರನ್ನು ಕರೆದುಕೊಂಡು ಬರುತ್ತಾರೆ, ಸರಪಳಿ ಎಳೆಯುತ್ತಾರೆ, ಟಿಪ್ಪಣಿ, ಆಕಾರ್‌ಬಂದ್ ತಾಳೆ ನೋಡುತ್ತಾರೆ, ಮರ ಎಣಿಸುತ್ತಾರೆ. ಮರದ ವಯಸ್ಸು ಹೇಳಿ ಎಂದು ಮೆಮೊ ಕೊಟ್ಟಿದ್ದರೆ ಕಾಂಡದ ಮೇಲಿನ ಗರಿಬಿದ್ದ ಗುರುತನ್ನೂ ನೋಡುತ್ತಾರೆ. ವರ್ಷಕ್ಕೆ ಸುಮಾರು ಹನ್ನೆರಡು ಗರಿ ಉದುರುವ ಲೆಕ್ಕದಲ್ಲಿ ತೆಂಗು ತನ್ನ ಜನ್ಮದಿನಾಂಕವನ್ನು ಮೈಮೇಲೆ ಬರೆದುಕೊಂಡಿರುತ್ತದೆ. ಇಷ್ಟೆಲ್ಲ ಕಾಣುವ ಕಮಿಷನರು ಒಂದನ್ನು ಮಾತ್ರ ಕಾಣಕೂಡದು: ಜಮೀನು ಯಾರ ಸ್ವಾಧೀನದಲ್ಲಿದೆ ಎಂಬುದನ್ನು. ಅದು ಸಾಕ್ಷ್ಯದಿಂದ ತೀರ್ಮಾನವಾಗಬೇಕಾದ ವಿಷಯ, ಸಾಕ್ಷ್ಯ ಕೂಡಿಸಲು ಕಮಿಷನ್ ಬಳಸಬಾರದು ಎಂದು ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಹೀಗಾಗಿ, ಎದುರಿಗೇ ಮೇಲಿನ ಮನೆಯ ಹುಡುಗ ದೋಟಿ ಹಿಡಿದು ಕಾಯಿ ಕೀಳುತ್ತಿದ್ದರೂ ವರದಿಯಲ್ಲಿ ಮರ ಇರುತ್ತದೆ, ಕಾಯಿ ಇರುತ್ತದೆ, ಹುಡುಗ ಇರುವುದಿಲ್ಲ. ಆ ವರದಿಗೆ ಇಬ್ಬರದೂ ತಕರಾರು. ಇನ್ನೊಬ್ಬ ಕಮಿಷನರ್. ಅವರಿಗೂ ಎಳನೀರು.

ತೀರ್ಪು ಬಂದ ದಿನ ಕೋರ್ಟಿನೆದುರಿನ ಟೀ ಅಂಗಡಿಯಲ್ಲಿ ನಿಂತು ನೋಡಬೇಕು.

‘ಏನಣ್ಣಾ, ಸೋತ್ಬುಟ್ಯಂತೆ?’

‘ಸೋಲೋದೇನು ಬಂತು ಬುಡ್ಲಾ. ಅಪೀಲಾಗೈತೆ.’

ಅಪೀಲು ಆಗ ಇನ್ನೂ ಆಗಿರುವುದಿಲ್ಲ. ತೀರ್ಪಿನ ನಕಲಿಗೆ ಅರ್ಜಿಯೂ ಬಿದ್ದಿರುವುದಿಲ್ಲ. ಆದರೂ ಆ ಮಾತಿಗೊಂದು ಶಕ್ತಿ ಇದೆ. ಅಪೀಲು ಹಾಕಿದ ಮಾತ್ರಕ್ಕೆ ಕೆಳಗಿನ ಡಿಕ್ರಿಗೆ ತಡೆ ಬಿದ್ದಂತೆ ಅಲ್ಲ ಎಂದು 41ನೇ ಆದೇಶದ 5ನೇ ನಿಯಮ ಸ್ಪಷ್ಟವಾಗಿಯೇ ಹೇಳುತ್ತದೆ. ಕಾನೂನು ದೆಹಲಿಯಲ್ಲಿ ಏನಾದರೂ ಹೇಳಲಿ, ಪೊಲೀಸ್ ಸ್ಟೇಷನ್ನಿನಲ್ಲಿ ಗೆದ್ದವನು ಡಿಕ್ರಿ ತೋರಿಸಿದಾಗ ಸೋತವನು ‘ಅಪೀಲಾಗೈತೆ ಸಾ’ ಎಂದರೆ ಸಾಹೇಬರು ಪೆನ್ನು ಕೆಳಗಿಟ್ಟು ‘ಇದು ಸಿವಿಲ್ ಮ್ಯಾಟರು, ಹೊರಗೆ ಹೋಗಿ’ ಎನ್ನುತ್ತಾರೆ. ಎರಡು ಪದಕ್ಕೆ ಇಷ್ಟು ತೂಕ ಇನ್ನಾವ ಶಾಸ್ತ್ರದಲ್ಲಿದೆ?

ಮೊದಲ ಅಪೀಲಿಗೆ 30 ದಿನದ ಮುದ್ದತ್ತು, ಹೈಕೋರ್ಟಿನ ಎರಡನೆಯದಕ್ಕೆ 90. ಮುದ್ದತ್ತಿನೊಳಗೆ ಹಾಕುವವರು ಇಲ್ಲದಿಲ್ಲ, ಆದರೆ ಅವರಲ್ಲಿ ಕಲೆ ಕಡಿಮೆ. ಮುದ್ದತ್ತು ಮೀರಿ ನಾನೂರು ದಿನದ ಮೇಲೆ ಹಾಕುವ ಅಪೀಲಿನ ಜೊತೆಗೆ ಒಂದು ಅಫಿಡವಿಟ್ಟು ಬರುತ್ತದೆ; ನನ್ನ ಮಟ್ಟಿಗೆ ಅದೇ ನಮ್ಮ ಸೀಮೆಯ ನಿಜವಾದ ಗದ್ಯ. ಅಪೀಲುದಾರನಿಗೆ ಕಾಮಾಲೆಯಾಗಿತ್ತು, ನಾಟಿ ಔಷಧಿ ಕುಡಿಯುತ್ತಿದ್ದ, ಪಥ್ಯದಲ್ಲಿದ್ದುದರಿಂದ ವಕೀಲರನ್ನು ಕಾಣಲಾಗಲಿಲ್ಲ. ಈ ಕಾಮಾಲೆ ತೀರ್ಪು ಬಂದ ಮರುದಿನ ಶುರುವಾಗಿ, ಎದುರು ಪಾರ್ಟಿ ಅಮಲ್ಜಾರಿ ಅರ್ಜಿ ಹಾಕಿದ ದಿನ ವಾಸಿಯಾಗುತ್ತದೆ. ವೈದ್ಯಕೀಯ ಕಾಲೇಜುಗಳು ಇದನ್ನು ಯಾಕೆ ಅಭ್ಯಾಸ ಮಾಡಿಲ್ಲವೋ. ನ್ಯಾಯಾಲಯಗಳು ಮಾತ್ರ ಮರುಗಿವೆ. ಪ್ರತಿದಿನದ ವಿಳಂಬಕ್ಕೂ ವಿವರಣೆ ಬೇಕೆಂದರೆ ಪ್ರತಿ ಗಂಟೆಗೆ, ಪ್ರತಿ ಸೆಕೆಂಡಿಗೆ ಯಾಕೆ ಬೇಡ ಎಂಬರ್ಥದಲ್ಲಿ ಸುಪ್ರೀಂ ಕೋರ್ಟೇ 1987ರಲ್ಲಿ ಕೇಳಿ, ಉದಾರವಾಗಿರಿ ಎಂದು ಕೆಳಗಿನವರಿಗೆ ತಿಳಿಸಿತು. ವಾಯಿದೆಗಳ ವಿಷಯದಲ್ಲೂ ಇದೇ ಔದಾರ್ಯ. ಒಬ್ಬ ಪಕ್ಷಗಾರನಿಗೆ ಮೂರಕ್ಕಿಂತ ಹೆಚ್ಚು ವಾಯಿದೆ ಕೊಡಬಾರದೆಂದು 17ನೇ ಆದೇಶಕ್ಕೆ ತಿದ್ದುಪಡಿ ತಂದು, 2002ರಿಂದ ಜಾರಿಯಲ್ಲಿದೆ. ಅದಾದ ಮೇಲೂ ಟೀ ಅಂಗಡಿ ಮುಚ್ಚಿಲ್ಲ.

ಮೊದಲ ಅಪೀಲು ಕೇಳುವ ಕೋರ್ಟು ಕೆಲವೊಮ್ಮೆ ಅದೇ ಕಾಂಪೌಂಡಿನಲ್ಲೇ ಇರುತ್ತದೆ, ಪಕ್ಷಗಾರ ಒಂದು ಮೆಟ್ಟಿಲು ಹತ್ತಿದರೆ ಸಾಕು. ಅಲ್ಲಿ ಹೊಸ ದಾಖಲೆ ಹಾಜರುಪಡಿಸಲು 41ನೇ ಆದೇಶದ 27ನೇ ನಿಯಮ ಒಂದು ಕಿಂಡಿ ಇಟ್ಟಿದೆ. ಆ ಕಿಂಡಿಯಿಂದಲೇ ಅಜ್ಜಿಯ ಟ್ರಂಕಿನಲ್ಲಿ ಇಷ್ಟು ವರ್ಷ ಅಡಗಿದ್ದ ಪಾಲುಪಾರೀಕತ್ತು ಹೊರಬರುತ್ತದೆ. ರಿಜಿಸ್ಟರ್ ಆಗಿರುವುದಿಲ್ಲ, ಸಾಕ್ಷಿ ಹಾಕಿದ ನಾಲ್ವರೂ ತೀರಿಹೋಗಿರುತ್ತಾರೆ, ಕಾಗದ ಮಾತ್ರ ಯೌವನದಲ್ಲಿರುತ್ತದೆ. ದಾಖಲೆ ಪರಿಶೀಲನೆಗೆ ಯೋಗ್ಯ ಎನಿಸಿದರೆ ಪ್ರಕರಣ ಕೆಳಗಿನ ಕೋರ್ಟಿಗೆ ವಾಪಸ್. ಹದಿನೈದು ವರ್ಷದ ದಾವಾ ಮತ್ತೆ ಬಾಲ್ಯಕ್ಕೆ ಮರಳುತ್ತದೆ. ದೊಡ್ಡ ತಪಸ್ವಿಗಳಿಗೂ ಇದು ಸಿದ್ಧಿಸಿರಲಿಲ್ಲ.

ಎರಡನೇ ಅಪೀಲಿಗೆ ಬೆಂಗಳೂರು. ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಮಿಗೆ 1976ರಲ್ಲಿ ಮಾಡಿದ ತಿದ್ದುಪಡಿಯಂತೆ ಕಾನೂನಿನ ಗುರುತರ ಪ್ರಶ್ನೆ ಇದ್ದರೆ ಮಾತ್ರ ಹೈಕೋರ್ಟು ಕೇಳಬೇಕು. ಮರ ಯಾರದು, ಕಾಯಿ ಯಾರು ಕಿತ್ತರು ಎಂಬ ಸಂಗತಿಗಳ ಗೊಡವೆ ಅದಕ್ಕಿಲ್ಲ. ಆದ್ದರಿಂದ ಹದಿನಾಲ್ಕು ತೆಂಗಿನಮರಗಳನ್ನು ಕಾನೂನಿನ ಗುರುತರ ಪ್ರಶ್ನೆಯಾಗಿ ಮಾರ್ಪಡಿಸಬೇಕು. ನಮ್ಮ ಸೀಮೆಯಲ್ಲಿ ಹುಟ್ಟಿ ಬೆಂಗಳೂರಿಗೆ ಹೋಗಿ ಕರಿಕೋಟು ತೊಟ್ಟ ಹುಡುಗರು ಇದನ್ನು ಒಂದು ಸಂಜೆಯಲ್ಲಿ ಮಾಡಿಬಿಡುತ್ತಾರೆ: ಪಹಣಿಯ ನಮೂದನ್ನು ಕಡೆಗಣಿಸಿ ಕೆಳಗಿನ ಎರಡೂ ನ್ಯಾಯಾಲಯಗಳು ಕಾನೂನಿನ ಪ್ರಮಾದ ಎಸಗಿವೆಯೇ? ನೋಡಿ, ಈಗ ಮರ ಎಲ್ಲಿದೆ? ಬೆಳಗಿನ ರೈಲಿಗೆ ತಿಪಟೂರಿನಲ್ಲಿ ಹತ್ತಿ, ಸುಮಾರು 140 ಕಿಲೋಮೀಟರ್ ದಾಟಿ, ಕೆಂಪು ಬಣ್ಣದ ಅಠಾರ ಕಚೇರಿಯ ಮುಂದೆ ನಿಂತ ಪಕ್ಷಗಾರನಿಗೆ ಎದುರಿಗೇ ವಿಧಾನಸೌಧ. ಅಪೀಲು ಇರದಿದ್ದರೆ ಎಷ್ಟೋ ಜನ ಅದನ್ನು ಕಾಣದೆಯೇ ಕಣ್ಣು ಮುಚ್ಚುತ್ತಿದ್ದರು.

ಕಣ್ಣು ಮುಚ್ಚುವ ಮಾತು ಬಂತು. ಪಕ್ಷಗಾರ ಸತ್ತರೆ 90 ದಿನದೊಳಗೆ ವಾರಸುದಾರರನ್ನು ದಾಖಲೆಗೆ ತರಬೇಕು, ಇಲ್ಲದಿದ್ದರೆ ಅಪೀಲು ಅವನ ಜೊತೆಗೇ ಹೋಗುತ್ತದೆ. ಹಾಗಾಗಿ ತಿಥಿಯ ಅಡುಗೆಗೂ ಮೊದಲು ವಂಶವೃಕ್ಷ ತಯಾರಾಗುತ್ತದೆ. ಪ್ರತಿವಾದಿ ಒಂದು ಇದ್ದವರು 1(ಎ)ಯಿಂದ 1(ಎಚ್)ವರೆಗೆ ಚಿಗುರುತ್ತಾರೆ. ಅರಸೀಕೆರೆಗೆ ಕೊಟ್ಟ, ಮೂವತ್ತು ವರ್ಷದಿಂದ ಗೌರಿ ಹಬ್ಬಕ್ಕೂ ಕರೆಯದ ಸೋದರತ್ತೆಗೆ ನೋಟಿಸ್ ಹೋಗುತ್ತದೆ. ಕುಟುಂಬಗಳನ್ನು ಒಡೆಯುತ್ತದೆ ಎಂದು ಕೋರ್ಟನ್ನು ಬಯ್ಯುವವರು ಈ ಪುನರ್ಮಿಲನವನ್ನು ಗಮನಿಸಬೇಕು. ಅತ್ತೆ ಬರುತ್ತಾಳೆ, ಕಾಗದ ಓದಿಸಿ ಕೇಳುತ್ತಾಳೆ, ಇದರಲ್ಲಿ ನನಗೂ ಪಾಲುಂಟಲ್ಲ ಎಂದು ಅವಳಿಗೆ ಹೊಳೆಯುತ್ತದೆ. ಕರ್ನಾಟಕ 1994ರಲ್ಲೂ ಕೇಂದ್ರ 2005ರಲ್ಲೂ ಹೆಣ್ಣುಮಕ್ಕಳ ಹಕ್ಕಿಗೆ ಕಾನೂನು ತಿದ್ದಿದ್ದವು. ಆ ಸುದ್ದಿ ಅವಳಿಗೆ ಮುಟ್ಟಿಸಿದ್ದು ಅಣ್ಣನಲ್ಲ, ಅಪೀಲು. ಪಾಲಿಗೆ ಹೊಸ ದಾವಾ ಬೀಳುತ್ತದೆ. ಬೀಳಲೇಬೇಕು; ಈ ಒಂದು ದಾವಾವನ್ನು ಮಾತ್ರ ನಾನು ನಗದೆ ಮೆಚ್ಚುತ್ತೇನೆ.

ಒಂದೇ ದಾರಿಯಲ್ಲಿ ಹೋಗುವುದು ಬೇಸರ ಎನ್ನುವವರಿಗೆ ಕಂದಾಯದ ದಾರಿಯೂ ಇದೆ. ಖಾತೆ ಬದಲಾವಣೆಯ ವಿರುದ್ಧ ತಿಪಟೂರಿನ ಉಪವಿಭಾಗಾಧಿಕಾರಿಗೆ ಅಪೀಲು, ಮೂರು ತಾಲ್ಲೂಕಿನವರೂ ಅಲ್ಲಿ ಸೇರುತ್ತಾರೆ. ಅಲ್ಲಿಂದ ತುಮಕೂರಿನ ಜಿಲ್ಲಾಧಿಕಾರಿಗೆ ರಿವಿಷನ್, ಅಲ್ಲಿಂದ ಹೈಕೋರ್ಟಿಗೆ ರಿಟ್, ಆಮೇಲೆ ರಿಟ್ ಅಪೀಲು. ಹತ್ತು ವರ್ಷದ ಈ ಯಾತ್ರೆಯ ಕೊನೆಗೆ ಸಿಗುವ ಪ್ರಸಾದ ಒಂದೇ ವಾಕ್ಯ: ಹಕ್ಕಿನ ವಿಚಾರವಾದ್ದರಿಂದ ಸಿವಿಲ್ ಕೋರ್ಟಿಗೆ ಹೋಗಿ.

ವಾದದಲ್ಲೂ ನಮ್ಮವರದು ದೊಡ್ಡ ಮನಸ್ಸು. ಜಮೀನು ಪಿತ್ರಾರ್ಜಿತ, ನನ್ನದೇ. ನನ್ನದಲ್ಲವೆಂದಾದರೂ 12 ವರ್ಷದ ಮೇಲೆ ನನ್ನ ಕೈಯಲ್ಲಿದೆ, ಆದ್ದರಿಂದ ನನ್ನದೇ. ಈ ಎರಡನೆಯದಕ್ಕೆ ಪ್ರತಿಕೂಲ ಸ್ವಾಧೀನ ಎಂದು ಹೆಸರು, 1963ರ ಕಾಲಮಿತಿ ಕಾಯ್ದೆಯ 65ನೇ ಅನುಚ್ಛೇದ. ಈ ಕಾನೂನೇ ವಿವೇಕಕ್ಕೆ ಒಗ್ಗದು, ಮರುಯೋಚನೆ ಮಾಡಿ ಎಂದು ಸುಪ್ರೀಂ ಕೋರ್ಟು 2008ರಲ್ಲಿ ಸರ್ಕಾರಕ್ಕೆ ಹೇಳಿತು. ಯೋಚನೆ ನಡೆಯಿತು. 2023ರಲ್ಲಿ ಕಾನೂನು ಆಯೋಗ ತನ್ನ 280ನೇ ವರದಿಯಲ್ಲಿ ಬದಲಾವಣೆ ಬೇಡ ಎಂದಿತು. ಹದಿನೈದು ವರ್ಷ, ಹನ್ನೆರಡಕ್ಕಿಂತ ಮೂರು ಹೆಚ್ಚೇ.

ಅಪೀಲಿಗೆ ವೈರಿಗಳಿಲ್ಲ ಎಂದಲ್ಲ. ಬಲವಂತವಾಗಿ ಒಕ್ಕಲೆಬ್ಬಿಸಿದ ಆರು ತಿಂಗಳೊಳಗೆ ಬಂದರೆ, ಹಕ್ಕಿನ ಗೋಜಿಗೇ ಹೋಗದೆ ಸ್ವಾಧೀನ ಮರಳಿ ಕೊಡಿಸಲು ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಂ ಇದೆ. ಚುರುಕಾದ ಮದ್ದು. ಆದರೆ ಅದರ ತೀರ್ಪಿನ ಮೇಲೆ ಅಪೀಲಿಲ್ಲ, ಪುನರ್‌ವಿಮರ್ಶೆಯೂ ಇಲ್ಲ. ಲೋಕ ಅದಾಲತ್ತಿನಲ್ಲಿ ರಾಜಿಯಾದರೆ ಕಟ್ಟಿದ ಕೋರ್ಟ್ ಫೀ ಸಹ ವಾಪಸ್ ಬರುತ್ತದೆ, ಅಲ್ಲೂ ಅಪೀಲಿಲ್ಲ. ಮೇಲಕ್ಕೆ ಏಣಿಯೇ ಇಲ್ಲದ ಅಟ್ಟಕ್ಕೆ ಯಾರು ಕಾಯಿ ಹಾಕುತ್ತಾರೆ? ರಾಜಿ ಮಾಡಿಸಲು ಬಂದ ವಕೀಲರಿಗೆ ಮೇಲಿನ ಮನೆಯವನು ಒಮ್ಮೆ ಹೇಳಿಯೇ ಬಿಟ್ಟ ಅಂದುಕೊಳ್ಳಿ: ‘ರಾಜಿ ಆದ್ಮೇಲೆ ನಾಳೆ ಮನಸ್ಸು ಕೆಟ್ರೆ ಎಲ್ಲಿಗ್ ಹೋಗನ ಸ್ವಾಮಿ?’ ಅವರ ಬಳಿ ಉತ್ತರ ಇರಲಿಲ್ಲ.

ಇಷ್ಟರಲ್ಲಿ ಕೆಳಗಿನ ಮನೆಯವನು ಎಲ್ಲ ಕೋರ್ಟಿನಲ್ಲೂ ಗೆದ್ದು ಊರಿಗೆ ಬಂದ ಎನ್ನೋಣ. ನುಸಿ ಬಂದು ಹೋಗಿದೆ, ಕಪ್ಪುತಲೆ ಹುಳು ಬಂದು ಹೋಗಿದೆ, ಹದಿನಾಲ್ಕರಲ್ಲಿ ಮೂರು ಮರದ ಕಾಂಡದಿಂದ ರಸ ಸೋರುತ್ತಿದೆ, ಬೋರ್‌ವೆಲ್ ಬತ್ತಿದೆ. ಭಾರತದಲ್ಲಿ ದಾವಾ ಹೂಡಿದವನ ಕಷ್ಟ ಶುರುವಾಗುವುದು ಡಿಕ್ರಿ ಸಿಕ್ಕ ಮೇಲೆ ಎಂಬ ಅರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ, ದರ್ಭಂಗದ ಒಂದು ಪ್ರಕರಣದಲ್ಲಿ ಹೇಳಿತ್ತು. ಅಮಲ್ಜಾರಿ ಆರು ತಿಂಗಳಲ್ಲಿ ಮುಗಿಯಬೇಕೆಂದು ಸುಪ್ರೀಂ ಕೋರ್ಟು 2021ರಲ್ಲಿ ಅಪ್ಪಣೆ ಮಾಡಿತು. ಆ ಪ್ರಕರಣ ನಮ್ಮ ಬೆಂಗಳೂರಿನದೇ ಎಂಬುದು ಹೆಮ್ಮೆಯ ವಿಷಯ. 2025ರಲ್ಲಿ ಎಣಿಸಿ ನೋಡಿದಾಗ ದೇಶದಲ್ಲಿ ಬಾಕಿ ಉಳಿದ ಅಮಲ್ಜಾರಿ ಅರ್ಜಿ 8.82 ಲಕ್ಷ.

ಆದರೂ ಒಂದು ದಿನ ಅಮೀನ ಬರುತ್ತಾನೆ. ಡಿಕ್ರಿಗೆ ಒಳಪಡದ ಗೇಣಿದಾರ ಯಾರಾದರೂ ಒಳಗಿದ್ದರೆ ಸ್ವಾಧೀನ ಕೊಡುವುದು ಹೇಗೆಂದು 21ನೇ ಆದೇಶದ 36ನೇ ನಿಯಮ ಹೇಳುತ್ತದೆ: ವಾರಂಟಿನ ನಕಲನ್ನು ಎದ್ದು ಕಾಣುವ ಕಡೆ ಅಂಟಿಸಿ, ತಮಟೆ ಹೊಡೆಸಿ ಸಾರಬೇಕು. ನಮ್ಮಲ್ಲಿ ಗೇಣಿದಾರರಿಲ್ಲ, ಒಳಗಿರುವವನು ಸೋತ ಮೇಲಿನ ಮನೆಯವನೇ. ಆದ್ದರಿಂದ ತಮಟೆಗೆ ಅವಕಾಶವಿಲ್ಲ, 35ನೇ ನಿಯಮದಂತೆ ಅವನನ್ನು ಹೊರಕ್ಕೆ ಕಳಿಸಿಯೇ ಕೊಡಬೇಕು. ಪಂಚನಾಮೆಗೆ ರುಜು ಹಾಕುವವರು ಸಿಕ್ಕುತ್ತಿರುತ್ತಾರೆ, ಅಷ್ಟರಲ್ಲಿ ತೋಟದ ಮನೆಯಿಂದ ಮೇಲಿನ ಮನೆಯವನ ಬಾಮೈದ ಹೊರಬರುತ್ತಾನೆ. ಈ ಮರಗಳನ್ನು ಹತ್ತು ವರ್ಷದ ಹಿಂದೆಯೇ ಭೋಗ್ಯಕ್ಕೆ ಹಾಕಿಸಿಕೊಂಡಿದ್ದೇನೆ, ನನ್ನನ್ನು ಯಾವ ಕೋರ್ಟಿನಲ್ಲೂ ಯಾರೂ ಕೇಳಿಲ್ಲ, ನಾನು ಏಳುವುದಿಲ್ಲ ಎನ್ನುತ್ತಾನೆ. ಅವನ ಕೈಯಲ್ಲಿ ಒಂದು ಕರಾರುಪತ್ರ. ಅಮೀನ ಅಡಚಣೆಯಾಯಿತು ಎಂದು ಷರಾ ಬರೆದು ಎಳನೀರು ಕುಡಿದು ಹೋಗುತ್ತಾನೆ. ಗೆದ್ದವನು 97ನೇ ನಿಯಮದಡಿ ಅರ್ಜಿ ಹಾಕುತ್ತಾನೆ, ಬಾಮೈದನ ಸಾಕ್ಷಿಯಾಗುತ್ತದೆ, ಪಾಟಿ ಸವಾಲಾಗುತ್ತದೆ, ಮರ ಎಣಿಸಲು ಕಮಿಷನರ್ ಬರುತ್ತಾರೆ, ಆದೇಶವಾಗುತ್ತದೆ. 103ನೇ ನಿಯಮದ ಪ್ರಕಾರ ಆ ಆದೇಶ ಡಿಕ್ರಿಗೆ ಸಮಾನ, ಅದರ ಮೇಲೆ ಅಪೀಲುಂಟು. ಮುದ್ದತ್ತು 30 ದಿನ. ನಕಲು ಪಡೆಯಲು ಹಿಡಿದ ದಿನಗಳನ್ನು ಅದರಲ್ಲಿ ಲೆಕ್ಕಕ್ಕೆ ಹಿಡಿಯುವುದಿಲ್ಲ.